ಮೂರು ವರ್ಷ ಬಳಸಿದ ಮೇಲೆ ‘ಒಂಬತ್ತು ಕಟ್ಟು’

ಮೊದಲೇ ಹೇಳಿಬಿಡುತ್ತೇನೆ, ಇದು ನಿಜವಾದ ಹಳೆಯ ಗ್ರಂಥ ಅಲ್ಲ. ದಾಳ ಹಾಕಿ, ಕಥೆ ಕಟ್ಟಿಕೊಂಡು ಆಡುವ ಒಂದು ಆಟದ ಪುಸ್ತಕ. ಕಥೆ ನಡೆಯುವುದು ಕಡಲು ಬತ್ತಿಹೋದ ನಾಡಿನಲ್ಲಿ. ಅಲ್ಲಿ ಉಪ್ಪು ತೆಗೆಯುತ್ತಿದ್ದವರು ಯಾವುದೋ ಕಾಲದಲ್ಲಿ ಬರೆದಿಟ್ಟ ಗುಟ್ಟಿನ ವಿದ್ಯೆಗಳೆಲ್ಲ ಈ ಒಂಬತ್ತು ಕಟ್ಟುಗಳಲ್ಲಿವೆ ಅನ್ನೋದು ಕಲ್ಪನೆ. ಇಷ್ಟು ಬಿಡಿಸಿ ಹೇಳೋಕೆ ಕಾರಣ ಇದೆ. ಪಾರ್ಸಲ್ ಬಂದ ದಿನ ಪಕ್ಕದ ಮನೆ ಕಾಕೂ ಬಾಗಿಲಲ್ಲೇ ನಿಂತು, “ತಮ್ಮಾ, ಅದರಾಗ ನಮ್ಮ ಹುಡುಗಿ ಲಗ್ನದ್ದು ಏನರ ಐತೇನು ನೋಡು” ಅಂದಿದ್ದರು. “ಇದು ಆಟದ್ದ ಐತ್ರೀ ಕಾಕೂ” ಅಂದೆ. ಅವರಿಗೆ ಈಗಲೂ ಅನುಮಾನ.

ನನ್ನ ಮನೆ ಗದಗಿಗೆ ಅಂಟಿಕೊಂಡಿರುವ ಬೆಟಗೇರಿಯಲ್ಲಿ. ಜೊತೆಗೆ ಆಡುವವರು ಧಾರವಾಡದಲ್ಲಿ. ತಿಂಗಳಿಗೆ ಎರಡು ಭಾನುವಾರ ಈ ಕಟ್ಟನ್ನು ಬಗಲಿಗೆ ಹಾಕಿಕೊಂಡು ಹೋಗುವವನು ನಾನೇ. ಆದ್ದರಿಂದ ಇದರ ಗಟ್ಟಿತನದ ಬಗ್ಗೆ ಮಾತಾಡುವ ಹಕ್ಕು ನನಗಿದೆ.

ನೋಡೋಕೆ ಥೇಟ್ ಓಲೆಗರಿ. ಗೇಣಿಗಿಂತ ಉದ್ದದ, ಮೂರು ಬೆರಳು ಅಗಲದ 216 ದಪ್ಪ ಕಾಗದದ ಗರಿಗಳು. ಮೇಲೆ ಕೆಳಗೆ ಮರದ ಹಲಗೆ. ಎರಡು ತೂತು, ಅದರೊಳಗೆ ನೈಲಾನ್ ದಾರ. ಕಾಗದಕ್ಕೆ ಪೂರ್ತಿ ಅಂಕ ಕೊಡುತ್ತೇನೆ. ಗಿರ್ಮಿಟ್ ತಿಂದ ಕೈಯಲ್ಲೇ ಮುಟ್ಟಿದ್ದೇವೆ, ಒರೆಸಿದರೆ ಹೋಗುತ್ತದೆ. ಒಂಬತ್ತರಲ್ಲಿ ಒಂದಾದ ನೆರಳಿನ ಕಟ್ಟಿನ ಮೇಲೆ ಮಾತ್ರ ಮಿರ್ಚಿ ಎಣ್ಣೆಯ ಹೆಬ್ಬೆಟ್ಟೊಂದು ಖಾಯಂ ಆಗಿ ಕೂತಿದೆ. ಯಾರದ್ದು ಅಂತ ಎಲ್ಲರಿಗೂ ಗೊತ್ತು, ಅವನು ಒಪ್ಪೋದಿಲ್ಲ.

ಎಡವಿರುವುದು ತೂತಿನಲ್ಲಿ. ಅಕ್ಷರಗಳನ್ನು ತೂತಿನ ಅಂಚಿನವರೆಗೂ ಮುದ್ರಿಸಿದ್ದಾರೆ. ಆರು ತಿಂಗಳಲ್ಲಿ ನೈಲಾನ್ ದಾರ ಗರಗಸದ ಹಾಗೆ ಕೊಯ್ದು ತೂತು ದೊಡ್ಡದಾಯಿತು, ಜೊತೆಗೆ ಒಂದೊಂದೇ ಅಕ್ಷರ ಮಾಯ. ಧಾರವಾಡದ ಕನ್ನಡ ಸಂಶೋಧನಾ ಸಂಸ್ಥೆಯಲ್ಲಿ ನಿಜವಾದ ಓಲೆಗರಿ ನೋಡಿದ ಮೇಲೆ ನನಗೆ ವಿಷಯ ಹೊಳೆಯಿತು. ಹಿಂದಿನವರು ಕಂಟ ಅನ್ನೋ ಕಬ್ಬಿಣದ ಮೊನಚು ಲೇಖನಿಯಿಂದ ಗರಿಯ ಮೇಲೆ ಗೀಚಿ, ಆಮೇಲೆ ಕಾಡಿಗೆ ಸವರಿ ಅಕ್ಷರ ಕಾಣುವಂತೆ ಮಾಡುತ್ತಿದ್ದರು. ಗೀಚುವಾಗಲೇ ತೂತಿನ ಸುತ್ತ ಚೌಕದಷ್ಟು ಜಾಗ ಖಾಲಿ ಬಿಡುತ್ತಿದ್ದರು. ನಾನು ಅದನ್ನು ಸುಮ್ನೆ ಅಂದಕ್ಕೆ ಅಂದುಕೊಂಡಿದ್ದೆ. ದಾರ ಸವೆಸಿದರೂ ಮಾತು ಉಳಿಯಲಿ ಅಂತ ಬಿಟ್ಟ ಜಾಗ ಅದು! ಓಲೆಗರಿಯ ವೇಷ ಹಾಕಿದವರು ಇದೊಂದನ್ನು ನೋಡಿಕೊಳ್ಳಬೇಕಿತ್ತು, ಅಲ್ವಾ?

ಗದಗಿಗೆ ಮುದ್ರಣ ಕಾಶಿ ಅಂತ ಸುಮ್ಮನೆ ಹೆಸರು ಬಂದಿಲ್ಲ. ಇಲ್ಲಿ ಬೈಂಡಿಂಗ್ ಮಾಡುವವರನ್ನು ಹುಡುಕಬೇಕಿಲ್ಲ. ವಯಸ್ಸಾದ ಒಬ್ಬರ ಹತ್ತಿರ ಒಯ್ದೆ. ಕಟ್ಟನ್ನು ಎರಡು ಸಲ ಹೊರಳಿಸಿ ನೋಡಿದರು. “ಇದಕ್ಕ ಹೊಲಿಗಿ ಹಾಕಿದ್ರ ಗರಿ ಬಿಡಸಾಕ ಬರಂಗಿಲ್ರೀ ಸರ. ದಾರಾನ ಬದಲಿ ಮಾಡ್ರಿ” ಅಂದರು. ಹರಿದ ತೂತುಗಳಿಗೆ ಹಿಂದಿನಿಂದ ತೆಳು ಬಟ್ಟೆಯ ಬಿಲ್ಲೆ ಅಂಟಿಸಿಕೊಟ್ಟರು. ಬೆಟಗೇರಿಯಲ್ಲಿ ನೇಕಾರರ ಮನೆಗಳಿಗೇನು ಬರ? ಪರಿಚಯದವರ ಮಗ್ಗದಿಂದ ಹತ್ತಿ ನೂಲು ತಂದು, ನಾಲ್ಕು ಎಳೆ ಹುರಿ ಮಾಡಿ ಪೋಣಿಸಿದೆ. ಆಮೇಲೆ ಒಂದಕ್ಷರವೂ ಹೋಗಿಲ್ಲ.

ಇನ್ನು ಒಳಗಿನ ಮಾತು. ನಾನು ಇದನ್ನು ಮೂರು ವರ್ಷ ಬಿಡದೇ ಹೊತ್ತು ತಿರುಗಿದ್ದು ಟೀಕೆಗಳಿಗೋಸ್ಕರ, ಅಂದರೆ ಅರ್ಥ ಬಿಡಿಸುವ ಟಿಪ್ಪಣಿಗಳಿಗೋಸ್ಕರ. ಪ್ರತಿ ವಿದ್ಯೆಗೂ ಒಂದು ಸಾಲು ಮೂಲ, ಕೆಳಗೆ ಮೂವರ ಟೀಕೆ. ಮೂವರಿಗೂ ಒಬ್ಬರನ್ನು ಕಂಡರೆ ಒಬ್ಬರಿಗೆ ಆಗೋದಿಲ್ಲ. ಉದಾಹರಣೆಗೆ ‘ನೆರಳನ್ನು ನಡುಹಗಲಲ್ಲಿ ಹೊಲಿ’ ಅಂತ ಒಂದು ಮೂಲ ಇದೆ. ಆಗ ನೆರಳು ಚಿಕ್ಕದಿರುತ್ತದೆ, ಹೊಲಿಗೆ ಕಡಿಮೆ ಸಾಕು ಅನ್ನುತ್ತಾನೆ ಮೊದಲನೆಯವನು. ನಡುಹಗಲಲ್ಲಿ ಸೂಜಿ ಹಾಕೋಕೆ ನೆರಳೇ ಇರೋದಿಲ್ಲ, ಅಂದರೆ ಹೊಲಿಯಬೇಡ ಅಂತಲೇ ಅರ್ಥ ಅನ್ನುತ್ತಾಳೆ ಎರಡನೆಯವಳು. ಮೂರನೆಯವನದು ಇನ್ನೂ ತಮಾಷೆ. ಬರೆದವನ ಕೈ ತಪ್ಪಿದೆಯಂತೆ, ಅದು ‘ನಡುಹಗಲು’ ಅಲ್ಲ, ‘ನಡುಹಳ್ಳ’ ಅಂತೆ. ನಮ್ಮ ಆಟಗಾರರು ಒಂದು ಇಡೀ ಸಂಜೆ ಇದರ ಮೇಲೇ ಕಳೆದರು. ಕೊನೆಗೆ ಮೂರನೆಯವನ ಮಾತು ನಂಬಿ ಹಳ್ಳಕ್ಕಿಳಿದರು, ಕಥೆಯಲ್ಲಿ ಒಂದು ಕುದುರೆ ಹೋಯಿತು. ಒಗಟಿನ ಹಾಗಿರುವ ಬೆಡಗಿನ ವಚನಗಳನ್ನು ಟೀಕೆ ಸಮೇತ ಓದಿದವರಿಗೆ ಈ ರುಚಿ ಹೊಸದಲ್ಲ. ಒಗಟಿಗಿಂತ ಅದನ್ನು ಬಿಡಿಸಿದವರ ಜಗಳ ಒಮ್ಮೊಮ್ಮೆ ಜಾಸ್ತಿ ಚೆನ್ನಾಗಿರುತ್ತದೆ.

ಹೆಸರಿನ ಕಟ್ಟು ನಮ್ಮೆಲ್ಲರಿಗೂ ಅಚ್ಚುಮೆಚ್ಚು. ಒಂದು ವಸ್ತುವಿನ ನಿಜವಾದ ಹೆಸರು ಕೂಗಿದರೆ ಅದು ನಿಮ್ಮ ಮಾತು ಕೇಳುತ್ತದೆ. ಬದಲಿಗೆ ಎದುರಿನವರು ಆರಿಸಿದ ಒಂದು ಪದವನ್ನು ಆಟ ಮುಗಿಯುವವರೆಗೆ ನೀವು ಆಡುವಂತಿಲ್ಲ. ಧಾರವಾಡದಲ್ಲೇ ಬೆಳೆದ ನನ್ನ ಅಕ್ಕನ ಮಗಳಿಂದ ನಾವು ‘ಮತ್ತ’ ಕಿತ್ತುಕೊಂಡೆವು. ಧಾರವಾಡದವರಿಂದ ‘ಮತ್ತ’ ಕಿತ್ತುಕೊಂಡರೆ ಏನುಳಿಯುತ್ತದೆ ಹೇಳಿ! ಅಷ್ಟರಲ್ಲಿ ಅವಳಿಗೆ ನಮ್ಮಕ್ಕನ ಫೋನ್ ಬಂತು. “ಊಟ ಆತೇನು?” “ಆತವಾ.” ಆಮೇಲೆ ಬಾಯಿ ತೆರೆದಳು, ಮುಚ್ಚಿದಳು, ಮತ್ತೆ ತೆರೆದಳು. ಅಕ್ಕ ಗಾಬರಿಯಾಗಿ, “ಯಾಕವಾ, ಜಗಳಾಡೀಯೇನು?” ಅಂದಳು.

ದೊಡ್ಡ ವಿದ್ಯೆ, ಸಣ್ಣ ವಿದ್ಯೆ ಅಂತ ಈ ಪುಸ್ತಕ ಭೇದ ಮಾಡೋದಿಲ್ಲ. ಮಳೆ ಕರೆಯುವ ಗರಿಯ ಹಿಂಬದಿಗೇ ಮೊಸರು ಹುಳಿಯಾಗದಂತೆ ಇಡುವ ಉಪಾಯ. ಕೆಲವರಿಗೆ ಇದು ಕಲಸುಮೇಲೋಗರ ಅನ್ನಿಸಬಹುದು. ಆದರೆ 12ನೇ ಶತಮಾನದಲ್ಲಿ ಕಲ್ಯಾಣ ಚಾಲುಕ್ಯರ ಮೂರನೇ ಸೋಮೇಶ್ವರ ಬರೆದ ‘ಮಾನಸೋಲ್ಲಾಸ’ವೂ ಹೀಗೇ. ಇಪ್ಪತ್ತು ಅಧ್ಯಾಯದ ಐದು ಭಾಗ, ಒಟ್ಟು ನೂರು ಅಧ್ಯಾಯ. ರಾಜ್ಯ ಆಳುವುದರಿಂದ ಹಿಡಿದು ಅಡುಗೆ, ಆನೆ, ಕುಸ್ತಿ, ಮೀನು ಹಿಡಿಯುವುದು ಎಲ್ಲವೂ ಅದರಲ್ಲಿದೆ. ಆ ರಾಜನಿಗೆ ಇಲ್ಲದ ಸಂಕೋಚ ಆಟದ ಪುಸ್ತಕಕ್ಕೆ ಯಾಕೆ?

ಅಕಾರಾದಿ ಇಲ್ಲ ಅನ್ನೋದು ಮಾತ್ರ ದೊಡ್ಡ ತಲೆನೋವು. ಆಟದ ನಡುವೆ ‘ಗಂಟು ಬಿಡಿಸುವ ಗಾಳಿ’ ಎಲ್ಲಿದೆ ಅಂತ ಹುಡುಕುವಷ್ಟರಲ್ಲಿ ಚಹಾ ಆರಿರುತ್ತದೆ. ಕೊನೆಗೆ ನಾನೇ ಒಂದು ನೋಟ್‌ಬುಕ್ಕಿನಲ್ಲಿ ಬರೆದುಕೊಂಡೆ. ಗರಿಗಳಿಗೆ ಕನ್ನಡ ಅಂಕಿಯಲ್ಲಿ ಸಂಖ್ಯೆ ಹಾಕಿರೋದು ಪುಣ್ಯ. ಆ ಪುಣ್ಯ ಕೆಲಸಕ್ಕೆ ಬಂದಿದ್ದು ಹುಬ್ಬಳ್ಳಿ-ಧಾರವಾಡದ ಚಿಗರಿ ಬಸ್ಸಿನಲ್ಲಿ. ಹುಬ್ಬಳ್ಳಿಯಲ್ಲಿ ಹತ್ತುವಾಗ ನಾನು ಹಾಕಿದ ಗಂಟು ಸಡಿಲವಿತ್ತು. ನವನಗರ ದಾಟುವಷ್ಟರಲ್ಲಿ 216 ಗರಿ ಕಾಲಡಿ. ಕೂತವರೆಲ್ಲ ಬಗ್ಗಿ ಆರಿಸಿಕೊಟ್ಟರು. ಧೋತರ ಉಟ್ಟ ಅಜ್ಜ ಒಬ್ಬರು ಒಂದು ಗರಿಯನ್ನು ಕಣ್ಣಿಗೆ ಹತ್ತಿರ ಹಿಡಿದು ಓದಿ, “ನೆರಳ ಹೊಲಿಯೂದಾ? ಎಲ್ಲಿ ಟೇಲರ್ ಅದಾನ್ರೀ ಇಂವಾ?” ಅಂದರು.

ಧಾರವಾಡದಲ್ಲಿ ಇಳಿದು ಎಣಿಸಿದೆ, 215. ಇಲ್ಲದ್ದು 117ನೇ ಗರಿ, ಉಪ್ಪಿನ ಕಟ್ಟಿನದು. ಬಿಡಿ ಗರಿ ಸಿಗುತ್ತದಾ ಅಂತ ಮಾರಿದವರಿಗೆ ಬರೆದು ಕೇಳಿದೆ, ಪೂರ್ತಿ ಕಟ್ಟನ್ನೇ ಕೊಳ್ಳಬೇಕಂತೆ. ಅದರಲ್ಲಿ ಏನಿತ್ತು ಅಂತ ನಮ್ಮಲ್ಲಿ ಇಬ್ಬರಿಗೆ ನೆನಪಿದೆ. ಸತ್ತವರ ಜೊತೆ ಮಾತಾಡೋಕೆ ನಾಲಿಗೆ ಮೇಲೆ ಉಪ್ಪು ಇಡಬೇಕು ಅಂತ ಒಬ್ಬ ಹೇಳುತ್ತಾನೆ. ಉಪ್ಪು ಇಟ್ಟರೆ ಸತ್ತವರು ಸುಮ್ಮನಾಗುತ್ತಾರೆ ಅನ್ನುತ್ತಾಳೆ ನನ್ನ ಅಕ್ಕನ ಮಗಳು. ನನ್ನ ನೋಟ್‌ಬುಕ್ಕಿನಲ್ಲಿ ‘ಉಪ್ಪು, ನಾಲಿಗೆ, 117’ ಅಂತ ಮಾತ್ರ ಇದೆ.