ಡಾಲ್ಫಿನ್ ಎಮ್ಯುಲೇಟರ್: ಹಳೆಯ ರೆಂಡರರ್ ತೆಗೆದ ಸಿಟ್ಟು, ನೆಲಕ್ಕೆ ಅಂಟಿದ ನೆರಳು

ಭಾವ ಅಮೆರಿಕದಿಂದ ತಂದುಕೊಟ್ಟ ನಿಂಟೆಂಡೊ ಕಂಪನಿಯ ಆಟದ ಯಂತ್ರ ಗೇಮ್‌ಕ್ಯೂಬ್‌ನ ಲೆನ್ಸ್ ಕೈಕೊಟ್ಟ ಮೇಲೆ, 2012ರಿಂದ ಅದೇ ಡಿಸ್ಕ್‌ಗಳ ಆಟಗಳನ್ನು ಹುಬ್ಬಳ್ಳಿಯ ನಮ್ಮ ಮನೆಯ ಕಂಪ್ಯೂಟರಿನಲ್ಲಿ, ಆ ಯಂತ್ರವನ್ನು ಅನುಕರಿಸುವ ಡಾಲ್ಫಿನ್ ಎಂಬ ತಂತ್ರಾಂಶದ (ಎಮ್ಯುಲೇಟರ್) ಮೂಲಕ ಆಡುತ್ತಿದ್ದೇನೆ. ನಳದ ನೀರು ಬರುವ ಸರದಿ ಇಲ್ಲದ ಭಾನುವಾರವಾದರೆ ಸಂಜೆ ಪೂರ್ತಿ ನಮ್ಮದೇ. ಗಿರ್ಮಿಟ್ ತಿಂದು ಕೈ ತೊಳೆದು, ಕಂಟ್ರೋಲರ್‌ಗಳನ್ನು ಹಳೆಯ ಪಂಚೆಯ ತುಂಡಿನಿಂದ ಒರೆಸಿ, ಒಂದನ್ನು ಮಗಳ ಕೈಗೆ ಕೊಟ್ಟ ಮೇಲೆಯೇ ಆಟ ಶುರು.

2013ರಲ್ಲಿ, 4.0 ಆವೃತ್ತಿ ಬಂದ ಬೆನ್ನಿಗೇ, ಡಾಲ್ಫಿನ್ ತಂಡ ಡೈರೆಕ್ಟ್‌ತ್ರೀಡಿ 9 (ವಿಂಡೋಸ್‌ನ ಹಳೆಯ ಗ್ರಾಫಿಕ್ಸ್ ವ್ಯವಸ್ಥೆ) ಬಳಸಿ ಪರದೆಯ ಮೇಲೆ ಚಿತ್ರ ಬಿಡಿಸುವ ಭಾಗವನ್ನು, ಅಂದರೆ ಆ ರೆಂಡರರ್ ಅನ್ನು, ಕಿತ್ತುಹಾಕಿತು. ನನ್ನ ಬಳಿ ಇದ್ದದ್ದು ಜೀಫೋರ್ಸ್ 7600 ಎಂಬ ಹಳೆಯ ಗ್ರಾಫಿಕ್ಸ್ ಕಾರ್ಡ್. ಹೊಸ ಡೈರೆಕ್ಟ್‌ತ್ರೀಡಿ 11 ರೆಂಡರರ್ ಅದರಲ್ಲಿ ನಡೆಯುವುದೇ ಇಲ್ಲ. ಸಂಬಳದಲ್ಲಿ ಹೊಸ ಕಾರ್ಡಿಗೆ ಜಾಗವಿರಲಿಲ್ಲ. ಬಹಳ ನೋವಾಯಿತು. 4.0 ಅನ್ನೇ ಉಳಿಸಿಕೊಂಡು ವರ್ಷಗಟ್ಟಲೆ ಆಡಿದೆ.

ಆದರೆ ಆ ಹಳೆಯ ರೆಂಡರರ್‌ನಲ್ಲಿ ಒಂದು ದೋಷ ಕಣ್ಣಿಗೆ ಚುಚ್ಚುತ್ತಿತ್ತು. ಪಾತ್ರದ ಕಾಲಡಿಯ ನೆರಳು ಚುಕ್ಕೆ ಚುಕ್ಕೆಯಾಗಿ ಒಡೆದು ಮಿನುಗುತ್ತಿತ್ತು. ಕಂಪ್ಯೂಟರ್ ಹಳತಾಗಿದ್ದಕ್ಕೆ ಹೀಗೆ ಎಂದುಕೊಂಡಿದ್ದೆ. ಕಾರಣ ಬೇರೆಯೇ ಇರಬಹುದೆಂದು ತಿಳಿದದ್ದು ತಡವಾಗಿ. ಗೇಮ್‌ಕ್ಯೂಬ್‌ನ ಗ್ರಾಫಿಕ್ಸ್ ಚಿಪ್ ಬಣ್ಣಗಳನ್ನು ಪೂರ್ಣಾಂಕಗಳಲ್ಲಿ ಲೆಕ್ಕ ಹಾಕುತ್ತದೆ. ಡೈರೆಕ್ಟ್‌ತ್ರೀಡಿ 9ರ ಶೇಡರ್‌ಗಳಿಗೆ (ಗ್ರಾಫಿಕ್ಸ್ ಕಾರ್ಡಿನಲ್ಲಿ ಓಡಿ ಬಣ್ಣ ಲೆಕ್ಕ ಹಾಕುವ ಪುಟ್ಟ ಪ್ರೋಗ್ರಾಂಗಳಿಗೆ) ನಿಜವಾದ ಪೂರ್ಣಾಂಕ ಗಣಿತ ಇಲ್ಲ, ಎಲ್ಲವನ್ನೂ ದಶಮಾಂಶದಲ್ಲೇ ಅಂದಾಜಿಸಬೇಕು. ಕೂದಲೆಳೆಯಷ್ಟು ವ್ಯತ್ಯಾಸ ಬಂದರೂ ಇರಬೇಕಾದ ಚುಕ್ಕೆ ಮಾಯವಾಗುತ್ತದೆ. ಆ ಹಳೆಯ ರೆಂಡರರ್ ಅನ್ನು ಇಟ್ಟುಕೊಂಡಿದ್ದರೆ 2014ರಲ್ಲಿ ಬಂದ ಪೂರ್ಣಾಂಕ ಲೆಕ್ಕದ ಬದಲಾವಣೆಗೆ ದಾರಿಯೇ ಇರುತ್ತಿರಲಿಲ್ಲ. ತಂಡದ ಮೇಲಿದ್ದ ನನ್ನ ಸಿಟ್ಟು ಅಲ್ಲಿಗೆ ಇಳಿಯಿತು.

ಕೊನೆಗೆ ದೀಪಾವಳಿ ಬೋನಸ್ಸಿನಲ್ಲಿ ಸೆಕೆಂಡ್ ಹ್ಯಾಂಡ್ ಜಿಟಿಎಕ್ಸ್ 750 ಟಿಐ ಕಾರ್ಡ್ ಕೊಂಡೆ. ಹೊಸ ಡಾಲ್ಫಿನ್‌ನ ಮೊದಲ ದಿನಗಳಲ್ಲಿ ಹೊಸ ದೃಶ್ಯ ಬಂದಾಗಲೆಲ್ಲ ಆಟ ಕ್ಷಣಕಾಲ ತಡವರಿಸುತ್ತಿತ್ತು. ಶೇಡರ್ ಆ ಕ್ಷಣದಲ್ಲೇ ಸಿದ್ಧವಾಗಬೇಕಲ್ಲ! 2017ರಲ್ಲಿ ಬಂದ ಊಬರ್‌ಶೇಡರ್ (ಹೊಸ ಶೇಡರ್‌ಗೆ ಕಾಯದೆ ಒಂದೇ ದೊಡ್ಡ ಶೇಡರ್‌ನಿಂದ ಚಿತ್ರ ಬಿಡಿಸುವ) ಆಯ್ಕೆಯನ್ನು ಹಾಕಿಕೊಂಡ ಮೇಲೆ ಅದೂ ನಿಂತಿತು.

ಹಳೆಯ ಕಾರ್ಡ್ ಇರುವವರು ಹಳೆಯ ಆವೃತ್ತಿಯಲ್ಲೇ ಇರಿ, ನಾನೂ ಹಾಗೆಯೇ ಇದ್ದೆ. ಮೂರು-ನಾಲ್ಕು ಸಾವಿರ ಹೊಂದಿಸಬಲ್ಲವರು ಮಾತ್ರ ಕಾಯಬೇಡಿ. ಹೊಸ ಕಾರ್ಡ್ ಹಾಕಿದ ಸಂಜೆ ಮಗಳು ಆಡುವುದನ್ನೇ ನಿಲ್ಲಿಸಿ, ಪಾತ್ರವನ್ನು ಬಿಸಿಲಿನಲ್ಲಿ ಗಿರ್ರನೆ ಸುತ್ತಿಸುತ್ತಾ ಕೇಳಿದಳು: "ಅಪ್ಪಾ, ನೆರಳು ಈಗ ಒಡೆಯುವುದಿಲ್ಲವಾ?"