ಮಾರಿಷಸ್‌ನ ದಕ್ಷಿಣ ತೀರ ಮತ್ತು ಕಾಡು: ಒಂದು ದಿನದ ಗೈಡ್ ಪ್ರವಾಸದ ಜಮಾ-ಖರ್ಚು

ಬಳ್ಳಾರಿಯ ಟ್ರಾವೆಲ್ಸ್ ಕಚೇರಿಯೊಂದರ ಗೋಡೆಯ ಮೇಲೆ, ಸಮುದ್ರದ ಒಳಗೇ ಜಲಪಾತ ಧುಮುಕುತ್ತಿರುವಂತೆ ಕಾಣುವ ದೊಡ್ಡ ಚಿತ್ರವೊಂದಿದೆ. ಹಿಂದೆ ಕಪ್ಪು ಬಂಡೆಯ ಬೆಟ್ಟ, ಮುಂದೆ ನೀಲಿ ನೀರು, ನಡುವೆ ನೀರೊಳಗಿನ ಆ ಕಂದಕ. ಮೊಮ್ಮಗನ ಶಾಲೆ, ಮಂಡಿನೋವು ಎಂದು ಪ್ರತಿ ವರ್ಷವೂ ಪ್ರವಾಸ ಮುಂದೂಡುತ್ತಿದ್ದ ನನ್ನ ಹೆಂಡತಿ ಆ ಚಿತ್ರವನ್ನು ಕಂಡ ದಿನವೇ ಮಾರಿಷಸ್ಸಿಗೆ ಹೋಗಲು ಒಪ್ಪಿದಳು. ಐದು ದಿನಗಳ ಆ ಪ್ರವಾಸದಲ್ಲಿ ಒಂದು ದಿನವನ್ನು ದ್ವೀಪದ ದಕ್ಷಿಣದ ಕಡಲತೀರ, ಜ್ವಾಲಾಮುಖಿಯ ಕುಂಡ ಮತ್ತು ಕಾಡು ನೋಡಲೆಂದು ಮೀಸಲಿಟ್ಟಿದ್ದರು. ನಾನು ಇಲ್ಲಿ ಬರೆಯುತ್ತಿರುವುದು ಆ ಒಂದು ದಿನದ ಬಗ್ಗೆ ಮಾತ್ರ. ಹೋಟೆಲ್ಲು, ದೋಣಿ ವಿಹಾರ ಮುಂತಾದವುಗಳ ಬಗ್ಗೆ ಬೇರೆಯವರು ಸಾಕಷ್ಟು ಬರೆದಿದ್ದಾರೆ.

ದರ ತಲಾ 2,400 ಮಾರಿಷಸ್ ರೂಪಾಯಿ, ಅಂದರೆ ನಮ್ಮ ಹಣದಲ್ಲಿ ನಾಲ್ಕೂವರೆ ಸಾವಿರದ ಆಸುಪಾಸು. ಏಳು ಬಣ್ಣದ ಮಣ್ಣಿಗೆ ಹೆಸರಾದ ಷಾಮರೆಲ್‌ನ ಪ್ರವೇಶ ಶುಲ್ಕ ಮತ್ತು ಊಟ ಇದರಲ್ಲಿ ಸೇರಿರಲಿಲ್ಲ ಎಂಬುದು ನಮಗೆ ವ್ಯಾನ್ ಹತ್ತಿದ ಮೇಲೆ ತಿಳಿಯಿತು. ಬೆಳಿಗ್ಗೆ ಎಂಟಕ್ಕೆ ಪಶ್ಚಿಮ ತೀರದ ಫ್ಲಿಕ್ ಆನ್ ಫ್ಲಾಕ್‌ನಿಂದ ಹೊರಟೆವು. ನಾವಿಬ್ಬರು, ಗಂಗಾವತಿಯ ಅಕ್ಕಿ ಗಿರಣಿಯವರ ಮನೆಯ ನಾಲ್ವರು, ಒಟ್ಟು ಆರೇ ಜನ. ವ್ಯಾನ್ ಸ್ವಚ್ಛವಾಗಿತ್ತು, ಚಾಲಕರೇ ಗೈಡ್ ಕೂಡ ಆಗಿದ್ದರು. ಸುಮಾರು ಮೂವತ್ತರ ಆ ತರುಣ ಸಿನಿಮಾ ನೋಡಿ ಕಲಿತ ಹಿಂದಿಯಲ್ಲಿ ಚೆನ್ನಾಗಿಯೇ ಮಾತನಾಡುತ್ತಿದ್ದರು. ತಮ್ಮ ಹಿರಿಯರು ಗೋದಾವರಿ ಮುಖದ ಕೋರಂಗಿ ಬಂದರಿನಿಂದ ಹಡಗು ಹತ್ತಿ ಕಬ್ಬಿನ ಗದ್ದೆಯ ಕೂಲಿಗೆ ಬಂದ ತೆಲುಗರು ಎಂದು ಅವರು ಹೇಳಿದ್ದೇ ತಡ, ನನ್ನ ಹೆಂಡತಿ ಬಳ್ಳಾರಿಯ ತೆಲುಗಿನಲ್ಲಿ 'ಬಾಗುನ್ನಾರಾ' ಎಂದು ಶುರು ಮಾಡಿದಳು. ಅವರಿಗೆ ಉಳಿದಿದ್ದ ತೆಲುಗು ಯುಗಾದಿಯ ದಿನ ಹೇಳುವ ಎರಡು ಪ್ರಾರ್ಥನೆಗಳಷ್ಟೇ. ಆದರೂ ಅಲ್ಲಿಂದ ಮುಂದೆ ಇಡೀ ದಿನ ಅವರು ಅವಳನ್ನು 'ಅಮ್ಮ' ಎಂದೇ ಕರೆದರು.

ಮೊದಲ ನಿಲುಗಡೆ ಕ್ಯೂರ್‌ಪೀಪ್ ಊರಿನ ತ್ರೂ ಒ ಸೆರ್ಫ್. ಸಮುದ್ರಮಟ್ಟದಿಂದ 605 ಮೀಟರ್ ಎತ್ತರದಲ್ಲಿರುವ, ಸುಮಾರು 80 ಮೀಟರ್ ಆಳದ ಜ್ವಾಲಾಮುಖಿ ಕುಂಡವಿದು. ಈಗ ಒಳಗೆಲ್ಲ ಮರ, ತಳದಲ್ಲಿ ಹೂಳು ತುಂಬಿದ ಸಣ್ಣ ಕೊಳ. ಜೂನ್ ತಿಂಗಳು ಅಲ್ಲಿ ಚಳಿಗಾಲ. ನಾವು ಹೋದಾಗ ಮಂಜು ಕವಿದು ಕುಂಡದ ಆಚೆಯ ಅಂಚೂ ಕಾಣಲಿಲ್ಲ. ಹತ್ತು ನಿಮಿಷ ಕಾದರೆ ಸರಿಯುತ್ತದೆ ಎಂದು ಗೈಡ್ ಹೇಳಿದರು, ಸರಿಯಿತು ಕೂಡ. ಆದರೆ ಅಷ್ಟರಲ್ಲಿ ಅವರ ಫೋನಿಗೆ ಕಚೇರಿಯಿಂದ ಕರೆ ಬಂದು, ಮುಂದಿನ ಜಾಗಕ್ಕೆ ತಡವಾಗುತ್ತದೆಂದು ನಮ್ಮನ್ನು ಹೊರಡಿಸಲಾಯಿತು.

ಆ ಮುಂದಿನ ಜಾಗ ಯಾವುದೆಂದರೆ ಹಳೆಯ ಹಾಯಿಹಡಗುಗಳ ಮರದ ಮಾದರಿಗಳನ್ನು ಮಾಡಿ ಮಾರುವ ಅಂಗಡಿ. ಕೆಲಸದ ನಯವನ್ನು ನಾನು ಹಳಿಯುವುದಿಲ್ಲ. ಹೆಂಗಸೊಬ್ಬರು ಕನ್ನಡಕ ಮೂಗಿಗಿಳಿಸಿಕೊಂಡು, ಕಡ್ಡಿಯಷ್ಟು ತೆಳುವಾದ ಹಾಯಿಗಂಬಕ್ಕೆ ದಾರ ಸುತ್ತುವುದನ್ನು ಐದು ನಿಮಿಷ ನಿಂತು ನೋಡಬಹುದು. ನಾವು ಐವತ್ತು ನಿಮಿಷ ನಿಂತೆವು. ಅಲ್ಲಿಂದ ಇನ್ನೊಂದು ಒಡವೆ ಅಂಗಡಿ, ಅಲ್ಲಿಯೂ ಅಷ್ಟೇ ಹೊತ್ತು. ಪ್ರವಾಸದ ಪಟ್ಟಿಯಲ್ಲಿ ಇವೆರಡಕ್ಕೂ 'ಸ್ಥಳೀಯ ಕರಕುಶಲ ಪರಿಚಯ' ಎಂಬ ಒಂದೇ ಹೆಸರು. ನಮ್ಮ ಆರು ಜನರಲ್ಲಿ ಯಾರೂ ಏನನ್ನೂ ಕೊಳ್ಳಲಿಲ್ಲ. ಗಂಗಾವತಿಯ ಯಜಮಾನರು ಮಾತ್ರ ಹಡಗಿನ ಬೆಲೆ ಕೇಳಿ, ಅದನ್ನು ಸೋನಾಮಸೂರಿಯ ಕ್ವಿಂಟಲ್ ಲೆಕ್ಕಕ್ಕೆ ಇಳಿಸಿ ನಮ್ಮನ್ನು ನಗಿಸಿದರು. ನಗು ಒಂದು ಕಡೆ ಇರಲಿ, ಬೆಳಗಿನ ಹೊತ್ತಿನ ಒಂದು ಗಂಟೆ ನಲವತ್ತು ನಿಮಿಷ ಹೀಗೆ ಹೋಯಿತು. ಈ ಸಂಖ್ಯೆಯನ್ನು ಓದುಗರು ನೆನಪಿಡಬೇಕೆಂದು ಕೋರುತ್ತೇನೆ.

ಅಲ್ಲಿಂದ ಕಬ್ಬಿನ ಗದ್ದೆಗಳ ನಡುವೆ ದಕ್ಷಿಣಕ್ಕೆ ಇಳಿದೆವು. ಗದ್ದೆಗಳ ನಡುನಡುವೆ ಕಪ್ಪು ಕಲ್ಲಿನ ರಾಶಿಗಳು ಎದ್ದಿವೆ. ಉಳುಮೆಗೆ ಅಡ್ಡ ಬಂದ ಬಸಾಲ್ಟ್ (ಲಾವಾ ತಣಿದು ಆದ ಕಲ್ಲು) ಗುಂಡುಗಳನ್ನು ಗುಲಾಮರೂ, ಅವರ ನಂತರ ನಮ್ಮ ದೇಶದ ಕೂಲಿಗಳೂ ಕೈಯಿಂದ ಎತ್ತಿ ಒಟ್ಟಿದ್ದು. 1834ರಿಂದ ಮುಂದಿನ ಎಂಟು ದಶಕಗಳಲ್ಲಿ ಸುಮಾರು ಐದು ಲಕ್ಷ ಜನ ಕರಾರಿನ ಕೂಲಿಗೆಂದು ಈ ದ್ವೀಪಕ್ಕೆ ಬಂದಿಳಿದರು. ಗೈಡ್ ಒಂದು ರಾಶಿಯ ಪಕ್ಕ ವ್ಯಾನ್ ನಿಲ್ಲಿಸಿ, ಪಟ್ಟಿಯಲ್ಲಿ ಇಲ್ಲದ ಈ ವಿಷಯವನ್ನು ತಾವಾಗಿಯೇ ಹೇಳಿದರು. ಅವರ ಬಗ್ಗೆ ನನಗೆ ಗೌರವ ಮೂಡಿದ್ದು ಅಲ್ಲಿ.

ಸುಯಾಕ್ ಊರಿನ ಗ್ರಿ ಗ್ರಿ ತೀರದಲ್ಲಿ ನಾನು ಮಕ್ಕಳಂತೆ ಆದೆ. ಮಾರಿಷಸ್‌ನ ಸುತ್ತ ಬಹುತೇಕ ಹವಳದ ದಿಬ್ಬದ ಬೇಲಿಯಿದೆ. ಅಲೆಗಳು ಅದಕ್ಕೆ ಬಡಿದು ದೂರದಲ್ಲೇ ಒಡೆಯುವುದರಿಂದ ಬೇರೆ ಕಡೆ ದಂಡೆಯ ನೀರು ಕೆರೆಯಂತೆ ಇರುತ್ತದೆ. ಇಲ್ಲಿ ಆ ಬೇಲಿ ತುಂಡಾಗಿದೆ. ದಕ್ಷಿಣದಿಂದ ತಡೆಯಿಲ್ಲದೆ ಬರುವ ಅಲೆ ನೇರವಾಗಿ ಕಪ್ಪು ಬಂಡೆಗೆ ಅಪ್ಪಳಿಸುತ್ತದೆ, ಹಾಗಾಗಿ ಈಜು ನಿಷಿದ್ಧ. ಮೂವತ್ತು ವರ್ಷ ಸಂಡೂರಿನ ಗಣಿಗಳಲ್ಲಿ ಸರ್ವೇಯರ್ ಆಗಿ ದುಡಿದವನಿಗೆ ಕಲ್ಲು ಕಂಡರೆ ಕೈ ಸುಮ್ಮನಿರುವುದಿಲ್ಲ. ಬಂಡೆಯ ಮೈಯೆಲ್ಲ ತೂತು. ಲಾವಾ ತಣಿಯುವಾಗ ಒಳಗೆ ಸಿಕ್ಕಿದ ಅನಿಲದ ಗುಳ್ಳೆಗಳು ಹಾಗೆಯೇ ಉಳಿದದ್ದು. ಒಂದು ತೂತಿನೊಳಗೆ ಕಿರುಬೆರಳಿಟ್ಟೆ; ಒಳಗೆ ಉಪ್ಪು, ಒಂದು ಹನಿ ನೀರು, ಅದರಲ್ಲಿ ಸಾಸಿವೆಯಷ್ಟು ಸಣ್ಣ ಶಂಖದ ಹುಳು. ನಮ್ಮ ಬಳ್ಳಾರಿ, ಹಂಪಿ, ಆನೆಗುಂದಿಯ ಗ್ರಾನೈಟ್ ಕಲ್ಲು ನೆಲದಾಳದಲ್ಲಿ ಸಾವಕಾಶವಾಗಿ ತಣಿದದ್ದು, ಅದಕ್ಕೇ ಅದರ ಹರಳುಗಳು ಬರಿಗಣ್ಣಿಗೆ ಕಾಣುತ್ತವೆ. ಈ ಬಸಾಲ್ಟ್ ಹೊರಗೆ ಹರಿದು ಬೇಗ ತಣಿದದ್ದರಿಂದ ದೊಡ್ಡ ಹರಳು ಕಟ್ಟಿಕೊಳ್ಳಲು ಅದಕ್ಕೆ ಪುರುಸೊತ್ತೇ ಸಿಗಲಿಲ್ಲ. ವಯಸ್ಸಿನಲ್ಲಿ ನಮ್ಮದು ಸುಮಾರು 250 ಕೋಟಿ ವರ್ಷ, ಈ ದ್ವೀಪ ಕಡಲಿನಿಂದ ಮೇಲೆದ್ದು ಸುಮಾರು 80 ಲಕ್ಷ ವರ್ಷ. ಇದನ್ನು ನಾನು ಗೈಡ್‌ಗೆ ಹೇಳಿದಾಗ ಅವರು ಚಿಕ್ಕ ಪುಸ್ತಕದಲ್ಲಿ ಬರೆದುಕೊಂಡರು. ಗ್ರಿ ಗ್ರಿಗೆ ಕೊಟ್ಟದ್ದು ಇಪ್ಪತ್ತೈದು ನಿಮಿಷ.

ಗಂಗಾ ತಲಾವ್ ಬಗ್ಗೆ ಹೆಚ್ಚು ಹೇಳಬೇಕಿಲ್ಲ. ಆರಿದ ಜ್ವಾಲಾಮುಖಿಯ ಬಾಯಿಯಲ್ಲಿ ನಿಂತ ಕೆರೆ, ದಂಡೆಯಲ್ಲಿ ಗುಡಿಗಳು, ದಾರಿಯಲ್ಲಿ 108 ಅಡಿಯ ಶಿವನ ಮೂರ್ತಿ. 1972ರಲ್ಲಿ ಗಂಗೆಯ ನೀರನ್ನು ತಂದು ಇದರಲ್ಲಿ ಸುರಿದರು. ಶಿವರಾತ್ರಿಗೆ ದ್ವೀಪದ ಮೂಲೆಮೂಲೆಯಿಂದ ಜನ ಕಾವಡಿ ಹೊತ್ತು ನಡೆದು ಬರುತ್ತಾರಂತೆ. ಮಂಗಗಳ ಕಾಟ ಅಂಜನಾದ್ರಿಯ ಮೆಟ್ಟಿಲಿನಷ್ಟೇ ಇದೆ; ಗಂಗಾವತಿಯವರ ಬಾಳೆಹಣ್ಣು ಹೋಯಿತು. ಕೆರೆಯ ಬಳಿಯ ಅಂಗಡಿಯಲ್ಲಿ ಧೋಲ್ ಪುರಿ ತಿಂದೆವು. ಹಳದಿ ಬೇಳೆಯ ಹೂರಣವಿಟ್ಟು ತೆಳ್ಳಗೆ ಲಟ್ಟಿಸಿದ, ಬೆಲ್ಲವಿಲ್ಲದ ಹೋಳಿಗೆಯೆಂದರೆ ನಮ್ಮವರಿಗೆ ತಿಳಿದೀತು. ಒಳಗೆ ಕಾಳಿನ ಪಲ್ಯ, ಟೊಮೆಟೊ ಗೊಜ್ಜು, ಹಸಿಮೆಣಸಿನಕಾಯಿ ಚಟ್ನಿ. ಜೋಡಿಯಾಗಿಯೇ ಕೊಡುತ್ತಾರೆ. ಆ ದಿನದ ಒಳ್ಳೆಯ ಊಟ ಅದೇ; ಮಧ್ಯಾಹ್ನ ಷಾಮರೆಲ್‌ನ ಹೋಟೆಲ್‌ನಲ್ಲಿ ಸಸ್ಯಾಹಾರಿಗಳಿಗೆಂದು ತಂದಿಟ್ಟದ್ದು ಎಲೆಕೋಸು ಮತ್ತು ಅನ್ನ, ಬೆಲೆ ಮಾತ್ರ ಮೀನಿನದು.

ಈಗ ಕಾಡಿನ ಮಾತು. ಬ್ಲ್ಯಾಕ್ ರಿವರ್ ಗಾರ್ಜಸ್ ರಾಷ್ಟ್ರೀಯ ಉದ್ಯಾನ 1994ರಲ್ಲಿ ಆದದ್ದು, ಸುಮಾರು 67 ಚದರ ಕಿಲೋಮೀಟರ್. ಹೆಚ್ಚಿನ ವ್ಯಾನ್‌ಗಳು ಕಣಿವೆ ಕಾಣುವ ಕಟಾಂಜನದ ಬಳಿ ನಿಂತು, ಫೋಟೊ ತೆಗೆಸಿ, ಹೊರಟುಬಿಡುತ್ತವೆ. ನಮ್ಮ ಗೈಡ್ ಹಾಗೆ ಮಾಡಲಿಲ್ಲ. ಮೊದಲು ಕಣಿವೆಯ ಮೇಲೆ ಉದ್ದ ಬಾಲದ ಬಿಳಿ ಕಡಲಹಕ್ಕಿಗಳು ತೇಲುವುದನ್ನು ತೋರಿಸಿದರು. ಆಮೇಲೆ ನಮ್ಮನ್ನು ಪಕ್ಕದ ಕಾಲುದಾರಿಯಲ್ಲಿ ಒಳಗೆ ಕರೆದುಕೊಂಡು ಹೋಗಿ, ಎದುರಿನ ಹಸಿರಿನಲ್ಲಿ ಯಾವುದು ಈ ದ್ವೀಪದ್ದು, ಯಾವುದು ಹೊರಗಿನಿಂದ ಬಂದದ್ದು ಎಂದು ಕೇಳಿದರು. ನಮಗೆ ಎಲ್ಲವೂ ಕಾಡೇ. ಅವರು ಒಂದೊಂದಾಗಿ ಬೆರಳಿಟ್ಟು ತೋರಿಸುತ್ತ ಹೋದಂತೆ, ಕಣ್ಣೆದುರಿನ ಹಸಿರಿನ ಮುಕ್ಕಾಲು ಪಾಲು ಪರದೇಶಿಯಾಯಿತು. ಬೀಸಣಿಗೆಯಂತೆ ನಿಂತ ಮರ ಮಡಗಾಸ್ಕರಿನದು. ಒತ್ತೊತ್ತಾಗಿ ಬೆಳೆದು ಬೇರೆ ಸಸಿಗಳಿಗೆ ಬಿಸಿಲೇ ಬೀಳದಂತೆ ಮಾಡಿದ ನುಣುಪು ಕಾಂಡದ ಪೊದೆ ಬ್ರೆಜಿಲ್‌ನಿಂದ ಬಂದ ಒಂದು ಜಾತಿಯ ಸೀಬೆ, ಆದರೆ ಜನ ಕರೆಯುವುದು 'ಚೀನಾ ಸೀಬೆ' ಎಂದು. ಅದನ್ನು ಕೇಳಿ ನಾವು ಆರೂ ಜನ ಒಟ್ಟಿಗೆ ನಕ್ಕೆವು. ಅಮೆರಿಕ ಖಂಡದಿಂದ ಬಂದು ನಮ್ಮ ಹೊಲದ ಬದು, ಕೆರೆಯಂಗಳ, ಹಳ್ಳದ ದಂಡೆಗಳನ್ನೆಲ್ಲ ನುಂಗಿದ ಮುಳ್ಳುಗಿಡಕ್ಕೆ ನಾಡೆಲ್ಲ 'ಬಳ್ಳಾರಿ ಜಾಲಿ' ಎಂದು ನಮ್ಮ ಊರಿನ ಹೆಸರನ್ನೇ ಕಟ್ಟಿರುವುದನ್ನು ಗೈಡ್‌ಗೆ ವಿವರಿಸಿ ಹೇಳಿದೆ. ಕಟ್ಟಿಗೆಗೆ, ಇದ್ದಿಲಿಗೆ ಅದೇ ಆಧಾರ ಎಂದಾಗ, ಇಲ್ಲೂ ಹಾಗೆಯೇ ಎಂದು ಅವರು ರಸ್ತೆಯ ಕಡೆ ಕೈ ತೋರಿದರು: ಕುಟುಂಬಗಳು ಬಕೆಟ್ ಹಿಡಿದು ಆ ಪೊದೆಗಳಲ್ಲಿ ಹಣ್ಣು ಕೀಳುತ್ತಿದ್ದವು. ನಾವೂ ಕಿತ್ತೆವು. ಗೋಲಿಗಿಂತ ತುಸು ದೊಡ್ಡದು, ಕಡುಗೆಂಪು, ತೆಳು ಸಿಪ್ಪೆ, ಒಳಗೆ ಗಟ್ಟಿ ಬೀಜ. ಉಪ್ಪು-ಖಾರ ಹಚ್ಚಿ ತಿನ್ನುವುದು ಅಲ್ಲಿಯ ರೂಢಿ. ಗೈಡ್ ಜೇಬಿನಿಂದ ಪೊಟ್ಟಣ ಬಿಚ್ಚಿದಾಗ ನನ್ನ ಹೆಂಡತಿಗೆ ಆದ ಸಂತೋಷ ಶಿವನ ಮೂರ್ತಿ ಕಂಡಾಗಲೂ ಆಗಿರಲಿಲ್ಲ.

ಇನ್ನೂ ಸ್ವಲ್ಪ ಒಳಗೆ ಹೋದ ಮೇಲೆ ಕರಿಮರ ಸಿಕ್ಕಿತು. ಹೊರಗಿನಿಂದ ನೋಡಿದರೆ ಬೂದುಬಣ್ಣದ ಸಾಧಾರಣ ಮರ. ಕಪ್ಪಿರುವುದು ಒಳಗಿನ ತಿರುಳಿನಲ್ಲಿ. 1638ರಿಂದ 1710ರವರೆಗೆ ಇಲ್ಲಿ ನೆಲೆಸಿದ್ದ ಡಚ್ಚರು ಇದನ್ನು ಕಡಿದು ಹಡಗಿಗೆ ತುಂಬಿದರು. ಡೋಡೋ ಹಕ್ಕಿ ನಾಶವಾದದ್ದೂ ಆ ಶತಮಾನದಲ್ಲಿಯೇ. ಹದಗೆಡದ ಮೂಲ ಕಾಡು ಈಗ ದ್ವೀಪದ ಶೇಕಡ ಎರಡರಷ್ಟೂ ಇಲ್ಲ. ಹಂದಿ, ಜಿಂಕೆ ನುಗ್ಗದಂತೆ ಅಲ್ಲಲ್ಲಿ ಬೇಲಿ ಹಾಕಿ, ಸೀಬೆಯ ಪೊದೆಗಳನ್ನು ಕೈಯಿಂದ ಕಿತ್ತು, ತುಂಡುತುಂಡಾಗಿ ಉಳಿಸಿಕೊಳ್ಳುತ್ತಿದ್ದಾರೆ. ಇಲ್ಲಿಯ ಚಿಕ್ಕ ಗಿಡುಗ 1974ರಲ್ಲಿ ಕಾಡಿನಲ್ಲಿ ನಾಲ್ಕೇ ನಾಲ್ಕು ಉಳಿದಿದ್ದವು, ಸಾಕಿ ಮರಿ ಮಾಡಿಸಿ ಬಿಟ್ಟ ಮೇಲೆ ಸಂತತಿ ನೂರಾರಕ್ಕೆ ಏರಿತು. ಇದನ್ನು ಹೇಳುತ್ತಿರುವಾಗ ಗೈಡ್ ಎರಡು ಬಾರಿ ಗಡಿಯಾರ ನೋಡಿದರು. ಕಾಡಿಗೆ ಕಚೇರಿ ಕೊಟ್ಟಿದ್ದ ಅವಧಿ ಮೂವತ್ತೈದು ನಿಮಿಷ.

ಷಾಮರೆಲ್‌ನ ಏಳು ಬಣ್ಣದ ಭೂಮಿಯ ಮುಂದೆ ನನ್ನಾಕೆ ಸ್ವಲ್ಪ ಹೊತ್ತು ಸುಮ್ಮನೆ ನಿಂತಳು. ಆಮೇಲೆ, 'ಏನ್ರೀ, ನಮ್ಮ ಸಂಡೂರು ಮಣ್ಣು ನೋಡಾಕ ವಿಮಾನ ಹತ್ತಿ ಬಂದ್ವೇನ್ರೀ?' ಎಂದಳು. ಮೂವತ್ತು ವರ್ಷ ನನ್ನ ಅಂಗಿಯಿಂದ ಅದೇ ಕೆಂಪನ್ನು ಒಗೆದು ತೆಗೆದವಳ ಪ್ರಶ್ನೆಯನ್ನು ತಳ್ಳಿಹಾಕುವಂತಿರಲಿಲ್ಲ. ಕೆಂಪು ಎರಡೂ ಕಡೆ ಕಬ್ಬಿಣದ್ದೇ. ಆದರೆ ಸಂಡೂರಿನ ಅದಿರು ಪುರಾತನ ಕಡಲಿನ ತಳದಲ್ಲಿ ಪದರಪದರವಾಗಿ ಕೂತದ್ದು. ಇಲ್ಲಿ ಬಸಾಲ್ಟ್ ಕಲ್ಲೇ ಮಳೆ ಮತ್ತು ಸೆಖೆಗೆ ಕೊಳೆತು ಮಣ್ಣಾಗಿ, ಕರಗುವುದೆಲ್ಲ ತೊಳೆದುಹೋಗಿ, ಕಬ್ಬಿಣ ಮತ್ತು ಅಲ್ಯೂಮಿನಿಯಂನ ಆಕ್ಸೈಡ್‌ಗಳು ಉಳಿದಿವೆ. ಕಬ್ಬಿಣ ಕೆಂಪು-ಕಂದು ಕೊಡುತ್ತದೆ, ಅಲ್ಯೂಮಿನಿಯಂ ನೀಲಿ-ನೇರಳೆಯ ಛಾಯೆ. ಕಟಾಂಜನದಾಚೆ ಕಾಲಿಡುವಂತಿಲ್ಲ, ಅದು ಸರಿಯೇ. ಬಣ್ಣ ಏಳೋ ಐದೋ ಎಂಬುದು ಬಿಸಿಲಿಗೆ ಬಿಟ್ಟದ್ದು. ಮೋಡ ಸರಿದ ಎರಡು ನಿಮಿಷ ಮಾತ್ರ ನೇರಳೆ ಎದ್ದು ಕಂಡಿತು.

ಸಂಜೆ ಬೇ ದು ಕಾಪ್‌ನ ತಿರುವಿನಿಂದ ತೀರದ ರಸ್ತೆ ಹಿಡಿದು ಲೆ ಮಾರ್ನ್ ತಲುಪಿದೆವು. 556 ಮೀಟರ್ ಎತ್ತರದ, ಓಡಿಹೋದ ಗುಲಾಮರು ಅಡಗಿ ಬದುಕಿದ ಈ ಬೆಟ್ಟ 2008ರಿಂದ ವಿಶ್ವ ಪರಂಪರೆಯ ತಾಣ. ಗೋಡೆಯ ಚಿತ್ರದಲ್ಲಿದ್ದ ಕಪ್ಪು ಬೆಟ್ಟ ಇದೇ. ಹೆಂಡತಿ ನೀರೊಳಗಿನ ಜಲಪಾತ ಎಲ್ಲಿ ಎಂದು ಕೇಳಿದಳು. ಗೈಡ್ ಸಂಕೋಚದಿಂದ ಮೇಲೆ, ಆಕಾಶಕ್ಕೆ ಕೈ ತೋರಿದರು. ಅಲ್ಲಿ ನಿಜವಾದ ಜಲಪಾತವಿಲ್ಲ. ದಂಡೆಯ ಮರಳು ಮತ್ತು ಹೂಳು ಪ್ರವಾಹದೊಂದಿಗೆ ಆಳಕ್ಕೆ ಜಾರುವಾಗ ಮೇಲಿನಿಂದ ನೋಡುವವರಿಗೆ ಹಾಗೆ ತೋರುತ್ತದೆ, ಅದೂ ಹೆಲಿಕಾಪ್ಟರ್ ಹತ್ತಿದರೆ. ದಡದಲ್ಲಿ ನಿಂತವರಿಗೆ ಕಾಣುವುದು ಸಮುದ್ರವಷ್ಟೇ.

ಆದ್ದರಿಂದ ನನ್ನ ಅಭಿಪ್ರಾಯ ಹೀಗಿದೆ. ಈ ಪ್ರವಾಸದ ಗೈಡ್‌ಗೆ ಐದಕ್ಕೆ ಐದು ಅಂಕ ಕೊಡುತ್ತೇನೆ, ದಿನದ ಪಟ್ಟಿ ಮಾಡಿದವರಿಗೆ ಎರಡು. ಹೋಗುವವರು ಮುಂಗಡ ಕೊಡುವ ಮೊದಲೇ ಅಂಗಡಿಗಳ ಭೇಟಿ ಬೇಡವೆಂದು ಬರೆಸಿಕೊಂಡು, ಆ ಹೊತ್ತನ್ನು ಕಾಡಿಗೂ ಗ್ರಿ ಗ್ರಿಗೂ ಹಂಚಬೇಕು. ಹಿಡಿತವಿರುವ ಪಾದರಕ್ಷೆ, ಒಂದು ಸ್ವೆಟರ್, ಮಳೆಗೆ ಕೊಡೆ ಬೇಕೇಬೇಕು. ಸಮುದ್ರ ತೀರದಲ್ಲಿ ಬಿಸಿಲಿದ್ದ ದಿನವೂ ಮೇಲಿನ ಪ್ರಸ್ಥಭೂಮಿಯಲ್ಲಿ ನಾವು ನಡುಗಿದೆವು. ಜೂನ್‌ನಲ್ಲಿ ಹೋದರೆ ಉಪ್ಪು-ಖಾರದ ಪೊಟ್ಟಣವೂ ಇರಲಿ.

ಊರಿಗೆ ಬಂದ ಮೇಲೆ ಟ್ರಾವೆಲ್ಸ್ ಕಚೇರಿಗೆ ಹೋಗಿ ಚಿತ್ರದ ವಿಷಯ ಹೇಳಿದೆ. ಅಲ್ಲಿದ್ದ ಹುಡುಗ, 'ಸರ್, ಎಲ್ಲರೂ ಅದನ್ನ ನೋಡೇ ಬುಕ್ ಮಾಡ್ತಾರ್ರೀ' ಎಂದ. ಮೊನ್ನೆ ಮತ್ತೆ ಆ ದಾರಿಯಲ್ಲಿ ಹೋದಾಗ ಒಳಗೆ ಇಣುಕಿದೆ. ಚಿತ್ರ ಅಲ್ಲೇ ಇತ್ತು. ಕೆಳಗಿನ ಮೂಲೆಯಲ್ಲಿ ಪೆನ್ನಿನಿಂದ, ಸಣ್ಣಕ್ಷರದಲ್ಲಿ, 'ಹೆಲಿಕಾಪ್ಟರ್ ಚಾರ್ಜ್ ಬೇರೆ' ಎಂದು ಬರೆದಿದ್ದರು.