ಹೊಲದಲ್ಲಿ ಕುರಿ ತರುಬಿಸಿದ ಎಂಟು ರಾತ್ರಿ

ಜೇವರ್ಗಿ ತಾಲ್ಲೂಕಿನ ನಮ್ಮ ಎರೆಹೊಲದಲ್ಲಿ ತೊಗರಿ ರಾಶಿ ಮುಗಿದ ಮೇಲೆ, ಈ ಸಲ ಒಂದು ಎಕರೆಗೆ ಸಂಚಾರಿ ಕುರಿಗಾಹಿಗಳಿಂದ ಕುರಿ ತರುಬಿಸಿದೆ, ಅಂದರೆ ಹಿಕ್ಕೆ-ಗಂಜಲದ ಗೊಬ್ಬರಕ್ಕಾಗಿ ರಾತ್ರಿ ಮಂದೆಯನ್ನು ಹೊಲದಲ್ಲೇ ಕೂಡಿಹಾಕಿಸಿದೆ. ಸುಮಾರು 400 ಕುರಿಗಳ ಮಂದೆ. ರಾತ್ರಿಗೆ 800 ರೂಪಾಯಿ, ಜೊತೆಗೆ ಅವರ ರೊಟ್ಟಿಗೆ ಜೋಳ.

ಸಂಜೆ ಗೂಟ ಹೊಡೆದು ಬಲೆ ಕಟ್ಟುತ್ತಾರೆ, ಮರುದಿನ ಅದನ್ನು ಪಕ್ಕಕ್ಕೆ ಸರಿಸುತ್ತಾರೆ. ತಿಪ್ಪೆಗೊಬ್ಬರವನ್ನು ಹೇರಿ ತಂದು ಹರಡುವ ಕೂಲಿ ಉಳಿಯುವುದಲ್ಲದೆ, ತಿಪ್ಪೆಯಲ್ಲಾದರೆ ಸೋರಿಹೋಗುವ ಗಂಜಲವೂ ನೇರವಾಗಿ ಮಣ್ಣಿಗೇ ಇಳಿಯುತ್ತದೆ. ನಸುಕಿನಲ್ಲಿ ಮಂದೆ ಎದ್ದುಹೋದ ಮೇಲೆ ನೋಡಿದರೆ, ಬಾಯಿ ಬಿಟ್ಟಿದ್ದ ಎರೆಯ ಬಿರುಕುಗಳಲ್ಲೆಲ್ಲ ಹಿಕ್ಕೆ ತುಂಬಿತ್ತು. ಕೆಲಸದಲ್ಲಿ ಕಳ್ಳತನವಿರಲಿಲ್ಲ, ಒಂದು ರಾತ್ರಿ ಮಾತ್ರ ಬದುವಿನ ಪಕ್ಕದ ಪಟ್ಟಿಯೊಂದು ಬರಿದಾಗಿ ಉಳಿಯಿತು.

ಮೂರನೆಯ ದಿನ ತಕರಾರು ಬಂದದ್ದು ಹೊಲದಲ್ಲಲ್ಲ, ಹಳ್ಳದ ದಂಡೆಯ ಗೋಮಾಳದಲ್ಲಿ. ಕುರಿ ಬುಡಮಟ್ಟ ಮೇಯುತ್ತದೆ, ಅದು ತುಳಿದ ಹುಲ್ಲನ್ನು ದನ ಮೂಸುವುದಿಲ್ಲ ಎಂದು ಎಮ್ಮೆ, ಆಕಳು ಸಾಕಿದ ನೆರೆಯವರೊಬ್ಬರು ಮಂದೆಯನ್ನು ತಡೆದು ನಿಂತರು. ಅಮೆರಿಕದ ಪಶ್ಚಿಮದ ಹುಲ್ಲುಗಾವಲುಗಳಲ್ಲಿ ದನಗಳ ಮಾಲೀಕರು ಕುರಿಗಾಹಿಗಳ ಮೇಲೆ ಹೊರಿಸಿದ ಆರೋಪವೂ ಅಕ್ಷರಶಃ ಇದೇ ಆಗಿತ್ತು. ಅಲ್ಲಿ ಸರ್ಕಾರಿ ನೆಲದ ಹುಲ್ಲು ಮೊದಲು ಬಂದವರ ಪಾಲಾಗಿದ್ದುದರಿಂದ, ದನದವರು ತಾವೇ ಗೆರೆ ಎಳೆದು ಅದನ್ನು ದಾಟಿದ ಮಂದೆಗಳನ್ನು ಕೊಲ್ಲುತ್ತಿದ್ದರು. ವಯೋಮಿಂಗ್ ರಾಜ್ಯದ ಟೆನ್ ಸ್ಲೀಪ್ ಬಳಿ 1909ರ ಏಪ್ರಿಲ್ 2ರ ರಾತ್ರಿ ಮೂವರು ಕುರಿಯವರನ್ನೇ ಕೊಂದು, ಅವರ ಬಂಡಿಗಳನ್ನು ಸುಟ್ಟರು. ಆ ಪ್ರಕರಣದಲ್ಲಿ ಐವರು ಜೈಲಿಗೆ ಹೋದರು. ಸರ್ಕಾರಿ ಹುಲ್ಲುಗಾವಲಿಗೆ ಪರವಾನಗಿ ಪದ್ಧತಿ ತಂದ ಟೇಲರ್ ಕಾಯ್ದೆ ಬಂದದ್ದು 1934ರಲ್ಲಿ. ನಮ್ಮಲ್ಲಿ ಹಿರಿಯ ಕುರಿಗಾಹಿ, "ಯಜಮಾನ್ರೇ, ನಿಮ್ಮ ದನ ಮುಂಜಾನೆ ಮೇಯ್ಲಿ, ನಮ್ಮ ಕುರಿ ಮಧ್ಯಾಹ್ನ ಬರ್ತಾವ" ಎಂದು ಕೈಮುಗಿದದ್ದರಿಂದ ಮಾತು ಅಲ್ಲಿಗೇ ನಿಂತಿತು. ಅದೇ ನೆರೆಯವರು ತಮ್ಮ ಹೊಲಕ್ಕೂ ಎರಡು ರಾತ್ರಿ ಕೇಳಿದರೆಂಬುದನ್ನು ಇಲ್ಲಿ ಹೇಳದಿರಲಾರೆ.

ನಿಜವಾದ ದೋಷ ಕಂಡದ್ದು ಮುಂಗಾರಿನ ಮೊದಲ ಮಳೆಯ ನಂತರ. ಮಂದೆ ಕೂತಿದ್ದ ಜಾಗದಲ್ಲೆಲ್ಲ ಬಳ್ಳಾರಿ ಜಾಲಿಯ ಸಸಿಗಳು ಎದ್ದವು, ಏಕೆಂದರೆ ಕಾಯಿ ತಿಂದ ಕುರಿಯ ಹೊಟ್ಟೆಯಲ್ಲಿ ಅದರ ಬೀಜ ಸಾಯುವುದಿಲ್ಲ. ಕೀಳಿಸಲು ಇಬ್ಬರು ಆಳುಗಳ ಎರಡು ದಿನದ ಕೂಲಿ ಹೋಯಿತು. ಲೆಕ್ಕ ಹಾಕುವವರು 6,400 ರೂಪಾಯಿಗೆ ಇದನ್ನೂ ಸೇರಿಸಿಕೊಳ್ಳಬೇಕು. ಆದರೂ ಮುಂದಿನ ವರ್ಷಕ್ಕೆ ಅದೇ ಮಂದೆಗೆ ಹೇಳಿಟ್ಟಿದ್ದೇನೆ: ಬರಿದಾಗಿ ಉಳಿದ ಪಟ್ಟಿಯಿಂದಲೇ ಶುರು ಮಾಡಬೇಕು, ನಮ್ಮ ಹೊಲಕ್ಕೆ ಬರುವ ಹಿಂದಿನ ಒಂದು ವಾರ ಜಾಲಿಯ ಕಂಟಿಯತ್ತ ಮಂದೆ ಬಿಡಬಾರದು.